ಕೇಳುವುದೇ ಕಸುಬು: ಬಾಲ್ಡ್ರಿಕ್‌ನಿಂದ ‘ಟೈಮ್ ಟೀಮ್’ವರೆಗೆ

ಬ್ರಿಟನ್ನಿನ ಕಿರುತೆರೆಯಲ್ಲಿ ಪೆದ್ದುತನಕ್ಕೆ ಒಂದು ಹೆಸರಿದೆ: ಬಾಲ್ಡ್ರಿಕ್. ಮೈತುಂಬ ಕೊಳೆ, ಟರ್ನಿಪ್ ಗಡ್ಡೆಯೆಂದರೆ ಪಂಚಪ್ರಾಣ. ಒಡೆಯ ಪೇಚಿಗೆ ಸಿಕ್ಕಾಗಲೆಲ್ಲ ತನ್ನ ಹತ್ತಿರ ಭಾರೀ ಉಪಾಯವೊಂದಿದೆ ಎಂದು ಮುಂದೆ ಬರುತ್ತಾನೆ. ಉಪಾಯ ಕೇಳಿದ ಮೇಲೆ ಪೇಚೇ ವಾಸಿ ಎನ್ನಿಸುತ್ತದೆ. ‘ಬ್ಲ್ಯಾಕ್‌ಆ್ಯಡರ್’ ಎಂಬ ಹಾಸ್ಯ ಧಾರಾವಾಹಿಯ ಈ ಆಳು 1983ರಿಂದ 1989ರವರೆಗೆ ನಾಲ್ಕು ಸರಣಿಗಳಲ್ಲಿ ಬಂದು ಇಡೀ ದೇಶವನ್ನು ನಗಿಸಿದ. ಅದು ಮುಗಿದು ಐದು ವರ್ಷ ಕಳೆಯುವುದರೊಳಗೆ ಅದೇ ನಟ ಹೊಲದ ನಡುವೆ, ಕೆಸರಿನ ಬೂಟು ತೊಟ್ಟು ನಿಂತು, ರೋಮನ್ನರ ಗೋಡೆಗಳನ್ನೂ ಸ್ಯಾಕ್ಸನ್ನರ ಗೋರಿಗಳನ್ನೂ ವೀಕ್ಷಕರಿಗೆ ಪರಿಚಯಿಸತೊಡಗಿದ್ದರು. ಅವರೇ ಟೋನಿ ರಾಬಿನ್ಸನ್. ಚಾನೆಲ್ 4ರ ‘ಟೈಮ್ ಟೀಮ್’ ಎಂಬ ಆ ಪುರಾತತ್ತ್ವ ಕಾರ್ಯಕ್ರಮ ಇಪ್ಪತ್ತು ಸರಣಿಗಳಷ್ಟು ಕಾಲ ನಡೆಯಿತು, ಇನ್ನೂರಕ್ಕೂ ಹೆಚ್ಚು ಕಂತುಗಳು ಬಂದವು.

ಪೆದ್ದನ ಪಾತ್ರದಿಂದ ಹೆಸರಾದವರು ಚರಿತ್ರೆಯ ನಿರೂಪಕರಾಗಿ ಅಷ್ಟು ಕಾಲ ನಿಂತದ್ದು ಹೇಗೆ? ಜನಪ್ರಿಯ ಮುಖ, ಅದಕ್ಕೇ ನಡೆಯಿತು ಎಂದು ಹೇಳಿ ಮುಗಿಸಬಹುದು. ಆದರೆ ಜನಪ್ರಿಯ ಮುಖಗಳು ಎರಡು ಮೂರು ಸರಣಿ ದಾಟುವಷ್ಟರಲ್ಲಿ ಹಳಸುವುದನ್ನು ಎಲ್ಲ ದೇಶದ ವೀಕ್ಷಕರೂ ಕಂಡಿದ್ದಾರೆ. ರಾಬಿನ್ಸನ್ ಉಳಿದದ್ದು ಒಂದು ಕಲೆಯಿಂದ: ಗೊತ್ತಿಲ್ಲದವರ ಪರವಾಗಿ ನಿಂತು, ನಾಚಿಕೊಳ್ಳದೆ, ಬಿಡದೆ ಕೇಳುವ ಕಲೆ. ಅವರ ವೃತ್ತಿಜೀವನವನ್ನು ಮೊದಲಿನಿಂದ ನೋಡುತ್ತ ಬಂದರೆ ಅವರು ನಟನೆ ಬಿಟ್ಟು ನಿರೂಪಣೆಗೆ ಬಂದರೆನ್ನಿಸುವುದಿಲ್ಲ. ಬಾಲ್ಡ್ರಿಕ್‌ಗೆ ಜೀವ ಕೊಟ್ಟ ಅದೇ ಶಕ್ತಿ ಅವರನ್ನು ಒಳ್ಳೆಯ ನಿರೂಪಕರನ್ನಾಗಿಯೂ ಮಾಡಿತು.

ರಾಬಿನ್ಸನ್ ಹುಟ್ಟಿದ್ದು 1946ರ ಆಗಸ್ಟ್ 15ರಂದು, ಲಂಡನ್ನಿನ ಪೂರ್ವ ಭಾಗದ ಹ್ಯಾಕ್ನಿಯಲ್ಲಿ. ರಂಗ ಹತ್ತಿದಾಗ ಹದಿಮೂರು ವರ್ಷ. 1960ರ ಜೂನ್‌ನಲ್ಲಿ ಲಂಡನ್ನಿನ ನ್ಯೂ ಥಿಯೇಟರಿನಲ್ಲಿ ಲಯೊನೆಲ್ ಬಾರ್ಟ್ ಅವರ ‘ಆಲಿವರ್!’ ಸಂಗೀತ ನಾಟಕ ಮೊದಲ ಪ್ರದರ್ಶನ ಕಂಡಾಗ, ಮುದುಕ ಫೇಗಿನ್ ಸಾಕಿಕೊಂಡ ಜೇಬುಗಳ್ಳ ಹುಡುಗರ ಗುಂಪಿನಲ್ಲಿ ಅವರೂ ಒಬ್ಬರು. ಆ ಗುಂಪಿನ ನಾಯಕ ಡಾಡ್ಜರ್‌ನ ಪಾತ್ರದ ಹುಡುಗ ಬಾರದ ದಿನ ಅದನ್ನೂ ನಿಭಾಯಿಸಿದರು. ಓದಿನಲ್ಲಿ ಅಷ್ಟಕ್ಕಷ್ಟೆ, ಶಾಲೆ ಬಿಟ್ಟು ಲಂಡನ್ನಿನ ಸೆಂಟ್ರಲ್ ಸ್ಕೂಲ್ ಆಫ್ ಸ್ಪೀಚ್ ಅಂಡ್ ಡ್ರಾಮಾ ಸೇರಿದರು. ಮುಂದೆ ಬ್ರಿಸ್ಟಲ್ ನಗರದಲ್ಲಿ ಗೆಳೆಯರೊಂದಿಗೆ ಏವನ್ ಟೂರಿಂಗ್ ಎಂಬ ತಂಡ ಕಟ್ಟಿ ಊರೂರು ತಿರುಗಿ ನಾಟಕವಾಡಿದರು. 1975ರ ‘ಬ್ರ್ಯಾನಿಗನ್’ ಚಿತ್ರದಲ್ಲಿ ಹಾಲಿವುಡ್ಡಿನ ಜಾನ್ ವೇನ್ ಒಬ್ಬ ಮೋಟಾರ್ ಸೈಕಲ್ ಸವಾರನನ್ನು ಥೇಮ್ಸ್ ನದಿಗೆ ಎಸೆಯುತ್ತಾರೆ. ನೀರಿಗೆ ಬಿದ್ದವರು ರಾಬಿನ್ಸನ್. ಮೂವತ್ತು ದಾಟುವವರೆಗೂ ಅವರ ಪಾಲಿಗೆ ಬಂದದ್ದು ಇಂಥ ಸಣ್ಣಪುಟ್ಟ ಪಾತ್ರಗಳು, ಮಕ್ಕಳ ಕಾರ್ಯಕ್ರಮಗಳು.

‘ದ ಬ್ಲ್ಯಾಕ್ ಆ್ಯಡರ್’ 1983ರಲ್ಲಿ ಬಿಬಿಸಿಯಲ್ಲಿ ಆರಂಭವಾಯಿತು. ಬರೆದವರು ರಿಚರ್ಡ್ ಕರ್ಟಿಸ್ ಮತ್ತು ರೋವನ್ ಅಟ್ಕಿನ್ಸನ್, ನಿರ್ಮಾಪಕರು ಜಾನ್ ಲಾಯ್ಡ್. ಆರು ಕಂತುಗಳ ಆ ಮೊದಲ ಸರಣಿಯಲ್ಲಿ ಸಂಗತಿ ತಿರುವುಮುರುವಾಗಿತ್ತು: ರಾಜಕುಮಾರ ಎಡ್ಮಂಡ್ ದಡ್ಡ, ಅವನ ಆಳು ಬಾಲ್ಡ್ರಿಕ್ ಜಾಣ. ಖರ್ಚು ಹೆಚ್ಚಾಗಿತ್ತು, ಅದಕ್ಕೆ ತಕ್ಕಷ್ಟು ನಗು ಹುಟ್ಟಲಿಲ್ಲ. ಬಿಬಿಸಿ 1 ಚಾನೆಲ್ಲಿನ ಮುಖ್ಯಸ್ಥರಾಗಿ ಬಂದ ಮೈಕೇಲ್ ಗ್ರೇಡ್ ಸರಣಿಯನ್ನೇ ನಿಲ್ಲಿಸುವ ಮನಸ್ಸು ಮಾಡಿದ್ದರು. ಕಡಿಮೆ ಖರ್ಚಿನಲ್ಲಿ, ಕೋಟೆ ಕುದುರೆಗಳನ್ನೆಲ್ಲ ಬಿಟ್ಟು, ಸ್ಟುಡಿಯೊ ಒಳಗೇ ಚಿತ್ರೀಕರಿಸುವ ಷರತ್ತಿನ ಮೇಲೆ 1986ರಲ್ಲಿ ಎರಡನೆಯ ಸರಣಿ ಬಂತು. ಅಟ್ಕಿನ್ಸನ್ ಬರವಣಿಗೆಯಿಂದ ಹಿಂದೆ ಸರಿದರು, ಕರ್ಟಿಸ್ ಜೊತೆಗೆ ಬೆನ್ ಎಲ್ಟನ್ ಸೇರಿದರು. ಒಡೆಯ ಜಾಣನಾದ, ಆಳು ದಡ್ಡನಾದ. ಕಥೆ ಹಿಡಿದದ್ದು ಅಲ್ಲಿಂದ.

ಈ ಜೋಡಿಯಲ್ಲಿ ಎಲ್ಲರ ಕಣ್ಣು ಒಡೆಯನ ಪಾತ್ರದ ಅಟ್ಕಿನ್ಸನ್ ಮೇಲೆ ಹೋಗುತ್ತದೆ. ಬೈಗುಳವನ್ನು ಕಡೆದು ಹೊಳಪು ಕೊಟ್ಟು ಎಸೆಯುವುದರಲ್ಲಿ ಅವರಿಗೆ ಸಾಟಿಯಿಲ್ಲ. ಆದರೆ ಆ ಮಾತು ಬಿದ್ದು ಸದ್ದು ಮಾಡಲು ಎದುರಿಗೆ ಒಂದು ಮುಖ ಬೇಕು. ರಾಬಿನ್ಸನ್ ಆ ಮುಖವನ್ನು ಒಂದು ಕ್ಷಣವೂ ಪ್ರೇಕ್ಷಕರ ಕಡೆ ತಿರುಗಿಸಿ ‘ನೋಡಿ, ನಾನೆಷ್ಟು ದಡ್ಡ’ ಎಂದು ತೋರಿಸಲಿಲ್ಲ. ಬಾಲ್ಡ್ರಿಕ್ ತನ್ನ ಉಪಾಯಗಳನ್ನು ಮನಸಾರೆ ನಂಬುತ್ತಾನೆ. ಎದುರಿನವನ ಮಾತನ್ನು ಪೂರ್ತಿ ಕೇಳಿಸಿಕೊಳ್ಳುತ್ತಾನೆ, ಅರ್ಥವಾಗದಿದ್ದರೆ ಮತ್ತೆ ಕೇಳುತ್ತಾನೆ. ಹಾಸ್ಯನಟರಲ್ಲಿ ಕೇಳಿಸಿಕೊಳ್ಳುವ ಗುಣ ಅಪರೂಪ. ತಮ್ಮ ಸರದಿಗೆ ಕಾಯುವವರೇ ಹೆಚ್ಚು.

1989ರ ನವೆಂಬರ್ 2ರಂದು ಪ್ರಸಾರವಾದ ಕೊನೆಯ ಕಂತಿನಲ್ಲಿ ಈ ಗುಣವೇ ಎದೆ ನಡುಗಿಸುತ್ತದೆ. ನಾಲ್ಕನೆಯ ಸರಣಿಯ ಕಥೆ ನಡೆಯುವುದು 1917ರಲ್ಲಿ, ಮೊದಲ ಮಹಾಯುದ್ಧದ ಕಂದಕವೊಂದರಲ್ಲಿ. ಮರುದಿನ ಬೆಳಗ್ಗೆ ಮೇಲೆ ಹತ್ತಿ ಶತ್ರುವಿನ ಗುಂಡಿಗೆ ಎದೆಯೊಡ್ಡಬೇಕು. ಆ ಹೊತ್ತಿನಲ್ಲಿ ಸಿಪಾಯಿ ಬಾಲ್ಡ್ರಿಕ್‌ಗೆ ಒಂದು ಸಂಶಯ ಬರುತ್ತದೆ. ಹಿಂದೊಮ್ಮೆ ಯುದ್ಧ ಇರಲಿಲ್ಲ, ಈಗ ಇದೆ; ಆ ಸ್ಥಿತಿಯಿಂದ ಈ ಸ್ಥಿತಿಗೆ ನಾವೆಲ್ಲ ಬಂದದ್ದು ಹೇಗೆ? ಕ್ಯಾಪ್ಟನ್ ಬ್ಲ್ಯಾಕ್‌ಆ್ಯಡರ್ ಯುರೋಪಿನ ಎರಡು ಕೂಟಗಳ ಲೆಕ್ಕಾಚಾರವನ್ನು ವಿವರಿಸಿ, ಅದರಲ್ಲೊಂದು ಸಣ್ಣ ದೋಷವಿತ್ತು ಎನ್ನುತ್ತಾನೆ. ಇನ್ನೂ ಸ್ವಲ್ಪ ಹೊತ್ತಿಗೆ ಬಾಲ್ಡ್ರಿಕ್ ಮತ್ತೊಂದು ಕೇಳುತ್ತಾನೆ: ಕೊಲ್ಲುವುದನ್ನು ನಿಲ್ಲಿಸಿ ಎಲ್ಲರೂ ಮನೆಗೆ ಹೋದರೆ ಆಗದೆ? ಜಾಣರು ಯಾರ ಬಳಿಯೂ ಉತ್ತರವಿಲ್ಲ. ಎಲ್ಲರೂ ಮೇಲೆ ಹತ್ತುತ್ತಾರೆ, ದೃಶ್ಯ ಕರಗಿ ಪಾಪ್ಪಿ ಹೂಗಳ ಬಯಲಾಗುತ್ತದೆ. ಬ್ರಿಟನ್ನಿನ ಕಿರುತೆರೆ ಕಂಡ ಅತ್ಯುತ್ತಮ ಕೊನೆಗಳಲ್ಲಿ ಇದೊಂದು ಎಂಬ ಮಾತಿನಲ್ಲಿ ಉತ್ಪ್ರೇಕ್ಷೆಯಿಲ್ಲ.

ಇದೇ ವರ್ಷಗಳಲ್ಲಿ ರಾಬಿನ್ಸನ್ ಇನ್ನೊಂದು ಕಡೆ ಬೇರೆಯದೇ ಸಾಧನೆ ನಡೆಸಿದ್ದರು. ಅದು ಅಷ್ಟಾಗಿ ಚರ್ಚೆಗೆ ಬರುವುದಿಲ್ಲ. ಮಕ್ಕಳಿಗಾಗಿ ‘ಫ್ಯಾಟ್ ಟ್ಯುಲಿಪ್ಸ್ ಗಾರ್ಡನ್’ ಎಂಬ ಕಾರ್ಯಕ್ರಮದಲ್ಲಿ ಒಬ್ಬರೇ ತೋಟದೊಳಗೆ ಓಡಾಡುತ್ತ, ಎಲ್ಲ ಪಾತ್ರಗಳೂ ತಾವೇ ಆಗುತ್ತ ಕಥೆ ಹೇಳಿದರು. ಕರ್ಟಿಸ್ ಜೊತೆ ಸೇರಿ ಗ್ರೀಕ್ ವೀರ ಒಡಿಸ್ಯೂಸ್‌ನ ಕಥೆಯನ್ನು 1986ರಲ್ಲಿ ಬಿಬಿಸಿಗೆ ಮಾಡಿಕೊಟ್ಟರು. ವೇಷವಿಲ್ಲ, ಸಹನಟರಿಲ್ಲ. ಬಂಡೆ ಹತ್ತುತ್ತ, ನೀರಿಗಿಳಿಯುತ್ತ, ಏದುಸಿರು ಬಿಡುತ್ತ ನೇರ ಕ್ಯಾಮೆರಾಕ್ಕೇ ಕಥೆ. ಓಡುತ್ತಲೇ ವಿವರಿಸುವ, ಗಾಳಿ ಮಳೆಗೆ ಮಾತು ತಪ್ಪದ ನಿರೂಪಕ ತಯಾರಾದದ್ದು ಇಲ್ಲಿ. 1989ರಲ್ಲಿ ಅವರೇ ಬರೆದ ‘ಮೇಡ್ ಮೇರಿಯನ್ ಅಂಡ್ ಹರ್ ಮೆರ್ರಿ ಮೆನ್’ ಶುರುವಾಯಿತು. ರಾಬಿನ್ ಹುಡ್‌ನ ಹಳೆಯ ಕಥೆಯಲ್ಲಿ ನಿಜವಾದ ನಾಯಕಿ ಮೇರಿಯನ್, ರಾಬಿನ್ ಬರೀ ಬಟ್ಟೆಯ ಷೋಕಿಯ ಪುಕ್ಕಲ ಎಂಬ ಕಲ್ಪನೆ. ನಾಟಿಂಗ್‌ಹ್ಯಾಮ್‌ನ ದುಷ್ಟ ಶೆರಿಫ್‌ನ ಪಾತ್ರವನ್ನು ರಾಬಿನ್ಸನ್ ತಾವೇ ಇಟ್ಟುಕೊಂಡರು. ಬಾಫ್ಟಾ ಪ್ರಶಸ್ತಿಯೂ ಬಂತು. ಚಿಕ್ಕವರಿಗೆ ಬರೆದ ಆ ಸರಣಿಯಲ್ಲಿ ಅಧಿಕಾರದ ಬಗ್ಗೆ ಇದ್ದ ಸಿಟ್ಟು ದೊಡ್ಡವರಿಗೂ ತಾಗುವಂಥದ್ದು.

ಪುರಾತತ್ತ್ವದ ನಂಟು ಬೆಳೆದದ್ದು ಗ್ರೀಸಿನ ಸ್ಯಾಂಟೊರಿನಿ ದ್ವೀಪದಲ್ಲಿ. ಬ್ರಿಸ್ಟಲ್ ವಿಶ್ವವಿದ್ಯಾಲಯ ಸಾರ್ವಜನಿಕರಿಗಾಗಿ ಏರ್ಪಡಿಸಿದ್ದ ಪ್ರವಾಸವೊಂದರಲ್ಲಿ ರಾಬಿನ್ಸನ್ ಹೋಗಿದ್ದರು. ಪಾಠ ಹೇಳಲು ಬಂದಿದ್ದವರು ಮಿಕ್ ಆಸ್ಟನ್. ಕೆದರಿದ ಬಿಳಿ ಕೂದಲು, ಬಣ್ಣಬಣ್ಣದ ಪಟ್ಟೆಯ ಉಣ್ಣೆ ಅಂಗಿ, ಯಾರಿಗೂ ಸೊಪ್ಪು ಹಾಕದ ಸ್ವಭಾವ. ಇಬ್ಬರೂ 1946ರಲ್ಲೇ ಹುಟ್ಟಿದವರು, ಆರು ವಾರ ಹೆಚ್ಚು ಕಡಿಮೆ. ಆಸ್ಟನ್ ಅವರು ಟಿಮ್ ಟೇಲರ್ ಎಂಬ ನಿರ್ಮಾಪಕರೊಂದಿಗೆ ಕಿರುತೆರೆಗೆ ಕೈಹಾಕಿದ್ದರು. ಡೆವನ್ ಪ್ರಾಂತದ ಕಣಿವೆಯೊಂದು ಜಲಾಶಯದಲ್ಲಿ ಮುಳುಗುವ ಮುನ್ನ ಅದರ ಚರಿತ್ರೆಯನ್ನು ಬಗೆದು ತೋರಿಸಿದ ‘ಟೈಮ್ ಸೈನ್ಸ್’ 1991ರಲ್ಲಿ ಬಂದಿತ್ತು. ಅದರ ಮುಂದಿನ ಹೆಜ್ಜೆ ‘ಟೈಮ್ ಟೀಮ್’.

ಮೊದಲ ಕಂತು ಪ್ರಸಾರವಾದದ್ದು 1994ರ ಜನವರಿ 16ರ ಭಾನುವಾರ. ಸ್ಥಳ ಸಾಮರ್‌ಸೆಟ್‌ನ ಅಥೆಲ್ನಿ. 9ನೆಯ ಶತಮಾನದಲ್ಲಿ ವೈಕಿಂಗರಿಂದ ತಪ್ಪಿಸಿಕೊಂಡ ದೊರೆ ಆಲ್ಫ್ರೆಡ್ ಅಡಗಿದ್ದ ಜೌಗು ನೆಲ. ಸಂರಕ್ಷಿತ ಸ್ಮಾರಕವಾದ್ದರಿಂದ ಅಗೆಯಲು ಅನುಮತಿ ಇರಲಿಲ್ಲ. ಗುದ್ದಲಿ ಮುಟ್ಟದೆ, ಯಂತ್ರಗಳಿಂದಲೇ ನೆಲದಡಿಯ ಹಳೆಯ ಮಠವೊಂದರ ನಕ್ಷೆಯನ್ನು ಹಿಡಿದರು. ಒಂದೇ ಒಂದು ಗುಂಡಿ ತೋಡದೆ ಉತ್ಖನನದ ಕಾರ್ಯಕ್ರಮವೊಂದು ಶುರುವಾಯಿತು ಎಂಬುದು ಈಗ ನೆನೆದರೆ ಧೈರ್ಯದ ಮಾತು.

ಕಾರ್ಯಕ್ರಮದ ಕಟ್ಟು ಸರಳ. ಮೂರು ದಿನ, ಒಂದು ಜಾಗ, ಒಂದು ಪ್ರಶ್ನೆ. ಮೊದಲ ದಿನ ಬೆಳಗ್ಗೆ ಜಾನ್ ಗೇಟರ್ ಅವರ ಭೂಭೌತ ತಂಡ ಹೊಲವಿಡೀ ನಡೆದು ಅಳೆಯುತ್ತದೆ. ನೆಲಕ್ಕೆ ಸಣ್ಣ ವಿದ್ಯುತ್ ಹರಿಸಿದರೆ, ಹೂತ ಕಲ್ಲುಗೋಡೆ ಅದನ್ನು ತಡೆಯುತ್ತದೆ. ತೇವ ಹಿಡಿದ ಹಳೆಯ ಹಳ್ಳ ಸುಲಭವಾಗಿ ಬಿಡುತ್ತದೆ. ಬೆಂಕಿ ಉರಿದ ಒಲೆ, ಕುಲುಮೆಗಳ ಜಾಗದಲ್ಲಿ ಮಣ್ಣಿನ ಕಾಂತಗುಣವೇ ಬದಲಾಗಿರುತ್ತದೆ, ಅದನ್ನು ಹಿಡಿಯಲು ಇನ್ನೊಂದು ಯಂತ್ರ. ಸ್ಟುವರ್ಟ್ ಐನ್ಸ್‌ವರ್ತ್ ನೆಲದ ಏರಿಳಿತ ಓದುತ್ತಾರೆ. ಜೆಸಿಬಿ ಬಂದು ಮೇಲಿನ ಹುಲ್ಲು ಮಣ್ಣನ್ನು ತೆಳ್ಳಗೆ ಕೆರೆದು ಸರಿಸುತ್ತದೆ. ಆಮೇಲೆ ಕರಣೆ ಹಿಡಿದು ಮಂಡಿಯೂರುವವರು ಹಳೆಯ ಟೊಪ್ಪಿಯ ಫಿಲ್ ಹಾರ್ಡಿಂಗ್, ಕ್ಯಾರೆನ್ಜಾ ಲೂಯಿಸ್ ಮೊದಲಾದವರು. 1956ರ ದಂಗೆಯ ನಂತರ ಹಂಗೆರಿಯಿಂದ ಬಂದ ಚಿತ್ರಕಾರ ವಿಕ್ಟರ್ ಆಂಬ್ರುಸ್ ಪಕ್ಕದಲ್ಲೇ ಕುಳಿತು, ಒಡೆದ ಗೋಡೆಯೊಂದರಿಂದ ಇಡೀ ಊರಿನ ಬದುಕನ್ನು ಪೆನ್ಸಿಲಿನಲ್ಲಿ ಎಬ್ಬಿಸುತ್ತಾರೆ.

ಇವರೆಲ್ಲರ ನಡುವೆ ಓಡಾಡುವವರು ರಾಬಿನ್ಸನ್. ಒಂದು ಗುಂಡಿಯಿಂದ ಇನ್ನೊಂದಕ್ಕೆ ಓಡಿ, ‘ಇದೇನು? ಇದು ರೋಮನ್ ಕಾಲದ್ದೇ ಎಂದು ಹೇಗೆ ಗೊತ್ತು? ಯಂತ್ರ ಇಲ್ಲಿ ಗೋಡೆಯಿದೆ ಎಂದಿತ್ತಲ್ಲ, ಎಲ್ಲಿದೆ?’ ಎನ್ನುವ ಬಗೆಯಲ್ಲಿ ಬೆನ್ನುಬೀಳುತ್ತಾರೆ. ಭೂಭೌತದವರು ಒಂದು ಹೇಳುತ್ತಾರೆ, ಅಗೆಯುವವರು ಇನ್ನೊಂದು. ಎರಡನ್ನೂ ಒಬ್ಬರ ಮುಂದೊಬ್ಬರು ಹೇಳುವಂತೆ ಮಾಡುತ್ತಾರೆ. ವಿದ್ವಾಂಸರು ‘ವಿಧಿ ಆಚರಣೆಗೆ ಬಳಸಿದ್ದಿರಬಹುದು’ ಎಂದು ಜಾರಿಕೊಳ್ಳುವ ಕಡೆ ಇವರು ಬಿಡುವುದಿಲ್ಲ. ಯಕ್ಷಗಾನದಲ್ಲಿ ವೇಷಧಾರಿ ಕುಣಿದು ಬಂದು ನಿಂತಾಗ ಭಾಗವತರು ‘ತಾವು ಯಾರು, ಬಂದ ಕಾರಣವೇನು’ ಎಂದು ವಿಚಾರಿಸುತ್ತಾರಷ್ಟೆ. ಪ್ರಸಂಗವೆಲ್ಲ ಬಾಯಿಪಾಠವಾದ ಅವರು ಕೇಳುವುದು ಸಭೆಗೆ ತಿಳಿಯಲಿ ಎಂದು. ವರ್ಷಗಳು ಕಳೆದಂತೆ ರಾಬಿನ್ಸನ್ ಅವರಿಗೂ ಪುರಾತತ್ತ್ವ ಸಾಕಷ್ಟು ತಿಳಿದಿತ್ತು. ಆದರೂ ಆ ತಿಳಿವಳಿಕೆಯನ್ನು ಮುಂದಿಡದೆ ಕೇಳುವವರ ಜಾಗದಲ್ಲೇ ಇದ್ದರು. ಇದಕ್ಕೆ ನಟನ ಶಿಸ್ತು ಬೇಕು.

ಈ ಬದಲಾವಣೆ ಎಷ್ಟು ದೊಡ್ಡದು ಎಂದು ತಿಳಿಯಲು ನಲವತ್ತು ವರ್ಷ ಹಿಂದೆ ಹೋಗಬೇಕು. 1952ರಲ್ಲಿ ಬಿಬಿಸಿಯ ‘ಅನಿಮಲ್, ವೆಜಿಟೆಬಲ್, ಮಿನರಲ್?’ ಆರಂಭವಾಯಿತು. ಸಂಗ್ರಹಾಲಯದ ವಸ್ತುವೊಂದನ್ನು ಕೈಗಿತ್ತರೆ ವಿದ್ವಾಂಸರು ಅದೇನೆಂದು ಗುರುತಿಸಬೇಕು. ಅದರ ತಾರೆ ಸರ್ ಮಾರ್ಟಿಮರ್ ವೀಲರ್. ಹುರಿಮೀಸೆಯ ಆ ಸೇನಾನಿ 1954ರಲ್ಲಿ ವರ್ಷದ ಕಿರುತೆರೆ ವ್ಯಕ್ತಿ ಎನ್ನಿಸಿಕೊಂಡರು. ಚಿತ್ರದುರ್ಗದ ಕಡೆಯವರಿಗೆ ಈ ಹೆಸರು ಹೊಸದಲ್ಲ. ಭಾರತೀಯ ಪುರಾತತ್ತ್ವ ಸರ್ವೇಕ್ಷಣೆಯ ಮಹಾನಿರ್ದೇಶಕರಾಗಿದ್ದಾಗ, 1947ರಲ್ಲಿ, ಬ್ರಹ್ಮಗಿರಿಯಲ್ಲಿಯೂ ಚಂದ್ರವಳ್ಳಿಯಲ್ಲಿಯೂ ಅಗೆದು ದಕ್ಷಿಣ ಭಾರತದ ಪ್ರಾಚೀನ ಕಾಲಕ್ರಮಕ್ಕೆ ಗಟ್ಟಿ ತಳಹದಿ ಹಾಕಿದವರು ಇವರೇ. ಅವರಿಗೂ ಮುಂಚೆ ಅಲ್ಲಿ ಮೈಸೂರು ಪುರಾತತ್ತ್ವ ಇಲಾಖೆಯ ಡಾ. ಎಂ.ಎಚ್. ಕೃಷ್ಣ ಕೆಲಸ ಮಾಡಿದ್ದರು. ವೀಲರ್ ಅವರ ಕಾರ್ಯಕ್ರಮದಲ್ಲಿ ಬಲ್ಲವರು ಬೆಳಗುತ್ತಿದ್ದರು, ನೋಡುವವರು ಬೆರಗಾಗುತ್ತಿದ್ದರು. ‘ಟೈಮ್ ಟೀಮ್’ನಲ್ಲಿ ಬಲ್ಲವರು ಉತ್ತರ ಕೊಡಬೇಕಾಯಿತು. ತಪ್ಪಿದರೆ ಎಲ್ಲರೆದುರು ತಪ್ಪಬೇಕಾಯಿತು.

ಎಷ್ಟೋ ಸಲ ತಪ್ಪಿದರು ಕೂಡ. ಯಂತ್ರ ತೋರಿಸಿದ ‘ಗೋಡೆ’ ಬರಿಯ ಬಂಡೆಯಾಗುತ್ತಿತ್ತು, ಮೂರನೆಯ ದಿನ ಸಂಜೆಯಾದರೂ ಗುಂಡಿ ಖಾಲಿ. ಅದನ್ನು ಹಾಗೆಯೇ ತೋರಿಸಿದ್ದು ಈ ಕಾರ್ಯಕ್ರಮದ ದೊಡ್ಡ ಗುಣ. 2001ರಲ್ಲಿ ಪ್ರಸಾರವಾದ, ವೇಲ್ಸ್‌ನ ಲಿಗಾಡ್ವಿ ಎಂಬಲ್ಲಿಯ ಕಂತು ಇದಕ್ಕೆ ಒಳ್ಳೆಯ ಸಾಕ್ಷಿ. ಪವಿತ್ರ ಬುಗ್ಗೆಯೊಂದರ ಬಳಿ ಬೇರೆ ಬೇರೆ ಕಾಲದ ವಸ್ತುಗಳು ಸಾಲಾಗಿ ಸಿಗತೊಡಗಿದವು. ಸಂಭ್ರಮಪಡುವ ಬದಲು ತಂಡಕ್ಕೆ ಸಂಶಯ ಬಂತು. ಇವು ಇತ್ತೀಚೆಗೆ ಯಾರೋ ತಂದು ಹೂತವು ಎಂಬ ತೀರ್ಮಾನಕ್ಕೆ ಬಂದು, ಅದನ್ನೇ ಕಂತಿನ ಕಥೆಯಾಗಿ ವೀಕ್ಷಕರ ಮುಂದಿಟ್ಟರು.

ಮೂರು ದಿನದ ಗಡುವಿಗೆ ಪುರಾತತ್ತ್ವಜ್ಞರಿಂದಲೇ ಆಕ್ಷೇಪ ಬಂತು: ಇದು ಶಾಸ್ತ್ರ, ಓಟದ ಪಂದ್ಯವಲ್ಲ. ಆಕ್ಷೇಪದಲ್ಲಿ ಹುರುಳಿದೆ. ಆದರೆ ಕ್ಯಾಮೆರಾ ಹೋದ ಮೇಲೂ ಕೆಲಸ ನಡೆಯುತ್ತಿತ್ತು. ಸಿಕ್ಕ ವಸ್ತುಗಳ ಪರಿಶೀಲನೆ, ವರದಿ ಬರೆಯುವುದು ತಿಂಗಳುಗಟ್ಟಲೆಯ ಮಾತು; ಮುಂದಿನ ವರ್ಷಗಳಲ್ಲಿ ವೆಸೆಕ್ಸ್ ಆರ್ಕಿಯಾಲಜಿ ಸಂಸ್ಥೆ ಈ ವರದಿಗಳನ್ನು ಸಿದ್ಧಪಡಿಸಿತು. 1997ರಲ್ಲಿ ಗ್ಲಾಸ್ಟರ್‌ಶೈರ್‌ನ ಟರ್ಕ್‌ಡೀನ್‌ನಲ್ಲಿ ದೊಡ್ಡ ರೋಮನ್ ಬಂಗಲೆಯನ್ನು ನೇರ ಪ್ರಸಾರದಲ್ಲೇ ಬಗೆದರು. ಬೇಸಿಗೆಯಲ್ಲಿ ಹೂತ ಗೋಡೆಗಳ ಮೇಲಿನ ಹುಲ್ಲು ಮೊದಲು ಒಣಗುತ್ತದೆ. ಆ ಒಣಗೆರೆಗಳೇ ಅಲ್ಲಿ ಬಂಗಲೆಯ ಗುಟ್ಟು ಬಿಟ್ಟುಕೊಟ್ಟಿದ್ದವು. 2003ರಲ್ಲಿ ಜನರೇ ತಮ್ಮ ಹಿತ್ತಲುಗಳಲ್ಲಿ ಕ್ರಮಬದ್ಧವಾಗಿ ಸಣ್ಣ ಗುಂಡಿ ತೋಡಿ ನೋಡುವ ‘ಬಿಗ್ ಡಿಗ್’ ನಡೆಯಿತು. 2006ರಲ್ಲಿ, ರಾಣಿ ಎಲಿಜಬೆತ್ ಅವರ 80ನೆಯ ವರ್ಷದಲ್ಲಿ, ಬಕಿಂಗ್‌ಹ್ಯಾಮ್ ಅರಮನೆಯ ತೋಟವೂ ಇವರಿಗೆ ತೆರೆಯಿತು.

ಅರಮನೆಗಿಂತ ಅರಮನೆಯ ಆಳುಗಳೇ ರಾಬಿನ್ಸನ್ ಅವರಿಗೆ ಹತ್ತಿರ. 2004ರ ‘ವರ್ಸ್ಟ್ ಜಾಬ್ಸ್ ಇನ್ ಹಿಸ್ಟರಿ’ಯಲ್ಲಿ ಅವರು ಚರಿತ್ರೆಯ ಕಟುವಾದ ದುಡಿಮೆಗಳನ್ನು ತಾವೇ ಮಾಡಿ ತೋರಿಸಿದರು. ಹಳಸಿದ ಮೂತ್ರದ ತೊಟ್ಟಿಯಲ್ಲಿ ನಿಂತು ಉಣ್ಣೆ ಬಟ್ಟೆ ತುಳಿಯುವುದು, ಅದರಲ್ಲಿನ ಅಮೋನಿಯಾ ಉಣ್ಣೆಯ ಜಿಡ್ಡು ಬಿಡಿಸುತ್ತದೆ ಎಂದು. ಔಷಧಕ್ಕಾಗಿ ಬರಿಗಾಲಲ್ಲಿ ಜೌಗಿಗಿಳಿದು ಜಿಗಣೆ ಹಿಡಿಯುವುದು. ರಾತ್ರಿಹೊತ್ತು ಮಲದ ಗುಂಡಿ ಬಾಚುವುದು. ದೊರೆಗಳ ಹೆಸರೇ ಚರಿತ್ರೆಯೆಂದು ಕಲಿತವರಿಗೆ ಆ ದೊರೆಯ ನಿಲುವಂಗಿ ಯಾರ ಕಾಲಡಿ ಬೆಳ್ಳಗಾಯಿತು ಎಂದು ತೋರಿಸಿದ ಸರಣಿ ಇದು. ಅವರ ಎಲ್ಲ ಕೆಲಸಗಳಲ್ಲಿ ಬಾಲ್ಡ್ರಿಕ್‌ಗೆ ತೀರ ಹತ್ತಿರದ ನೆಂಟ ಇದೇ. ಅದೇ ವರ್ಷದ ‘ಬ್ರಿಟನ್ಸ್ ರಿಯಲ್ ಮೊನಾರ್ಕ್’ನಲ್ಲಿ, 15ನೆಯ ಶತಮಾನದ ದೊರೆ ನಾಲ್ಕನೆಯ ಎಡ್ವರ್ಡ್ ಔರಸಪುತ್ರನಲ್ಲ ಎಂಬ ಇತಿಹಾಸಕಾರ ಮೈಕೇಲ್ ಜೋನ್ಸ್ ಅವರ ವಾದವನ್ನು ಹಿಡಿದು ಹೊರಟು, ಆ ಲೆಕ್ಕದಲ್ಲಿ ಈಗ ಸಿಂಹಾಸನದ ಮೇಲಿರಬೇಕಾದವರು ಯಾರೆಂದು ಹುಡುಕಿದರು. ಸಿಕ್ಕವರು ಆಸ್ಟ್ರೇಲಿಯಾದ ಜೆರಿಲ್ಡರಿ ಎಂಬ ಪುಟ್ಟ ಊರಿನಲ್ಲಿ ನೆಲೆಸಿದ್ದ ಲೌಡನ್‌ನ ಅರ್ಲ್, ಮೈಕೇಲ್ ಆ್ಯಬ್ನಿ-ಹೇಸ್ಟಿಂಗ್ಸ್. ಅವರು ದೊರೆತನವೇ ಬೇಡವೆನ್ನುವ ಗಣರಾಜ್ಯವಾದಿ!

2006ರ ‘ಮಿ ಅಂಡ್ ಮೈ ಮಮ್’ ಇವೆಲ್ಲಕ್ಕಿಂತ ಬೇರೆ. ಮರೆವಿನ ರೋಗಕ್ಕೆ ತುತ್ತಾದ ತಾಯಿಯ ಕೊನೆಯ ದಿನಗಳನ್ನು, ಆರೈಕೆ ಮನೆ ಹುಡುಕುವ ಸಂಕಟವನ್ನು ಅವರು ವೀಕ್ಷಕರ ಮುಂದಿಟ್ಟರು. ತಂದೆಯೂ ಅದೇ ರೋಗದಿಂದ ನರಳಿದ್ದವರು. ಆಗ ಬ್ರಿಟನ್ನಿನ ಮನೆಮನೆಗಳಲ್ಲಿ ಬಾಗಿಲು ಮುಚ್ಚಿ ಅನುಭವಿಸುತ್ತಿದ್ದ ಸಂಗತಿ ಇದು. ವಯಸ್ಸಾದವರನ್ನು ನೋಡಿಕೊಳ್ಳುವ ವ್ಯವಸ್ಥೆ ಏಕೆ ಹೀಗಿದೆ ಎಂದು ಅಧಿಕಾರದಲ್ಲಿರುವವರನ್ನು ಕೇಳಿದರು; ಆಲ್ಜೈಮರ್ಸ್ ಸೊಸೈಟಿಯ ರಾಯಭಾರಿಯಾಗಿ ಮುಂದೆಯೂ ಕೇಳುತ್ತಲೇ ಬಂದರು. ರಾಜಕೀಯ ಅವರಿಗೆ ಹೊಸದಲ್ಲ. ನಟರ ಸಂಘ ಈಕ್ವಿಟಿಯ ಉಪಾಧ್ಯಕ್ಷರಾಗಿದ್ದರು, 2000ದಿಂದ 2004ರವರೆಗೆ ಲೇಬರ್ ಪಕ್ಷದ ರಾಷ್ಟ್ರೀಯ ಕಾರ್ಯಸಮಿತಿಯಲ್ಲಿದ್ದರು. ದಶಕಗಳ ಆ ಪಕ್ಷದ ಸದಸ್ಯತ್ವವನ್ನು ನಾಯಕತ್ವ ಮತ್ತು ಬ್ರೆಕ್ಸಿಟ್ ನಿಲುವುಗಳನ್ನು ಒಪ್ಪದೆ 2019ರಲ್ಲಿ ಬಿಟ್ಟರು.

2014ರ ಜನವರಿಯಲ್ಲಿ, ಮಹಾಯುದ್ಧದ ಶತಮಾನೋತ್ಸವದ ಹೊತ್ತಿಗೆ, ಶಿಕ್ಷಣ ಸಚಿವ ಮೈಕೇಲ್ ಗೋವ್ ಅವರು ‘ಬ್ಲ್ಯಾಕ್‌ಆ್ಯಡರ್’ನಂಥ ಕೃತಿಗಳು ಯುದ್ಧದ ಬಗ್ಗೆ ತಪ್ಪು ಕಲ್ಪನೆ ಹರಡಿವೆ ಎಂದು ದೂರಿದರು. ರಾಬಿನ್ಸನ್ ಉತ್ತರಿಸಿದರು: ಶಾಲೆಗಳಲ್ಲಿ ಆ ಸರಣಿ ಪಾಠದ ಹಲವು ಸಲಕರಣೆಗಳಲ್ಲಿ ಒಂದು ಮಾತ್ರ, ಹೀಗೆ ಹೇಳುವುದು ಶಿಕ್ಷಕರ ಮೇಲೆ ಗೂಬೆ ಕೂರಿಸಿದಂತೆ. ಇಬ್ಬರ ವಾದದಲ್ಲಿ ಯಾವುದು ಸರಿ ಎಂದು ಇತಿಹಾಸಕಾರರು ಇನ್ನೂ ಚರ್ಚಿಸಬಹುದು. ಹಾಸ್ಯ ಧಾರಾವಾಹಿಯೊಂದು ಮುಗಿದ ಸುಮಾರು ಕಾಲು ಶತಮಾನದ ಮೇಲೂ ಸಚಿವರೊಬ್ಬರು ಅದಕ್ಕೆ ಉತ್ತರ ಹೇಳಬೇಕಾಯಿತು ಎಂಬುದು ಮಾತ್ರ ನಿಜ.

ಆ ಹೊತ್ತಿಗೆ ‘ಟೈಮ್ ಟೀಮ್’ ಮುಗಿಯುತ್ತಿತ್ತು. ಕಾರ್ಯಕ್ರಮವನ್ನು ತೆಳುವಾಗಿಸುತ್ತಿದ್ದಾರೆ ಎಂಬ ಅಸಮಾಧಾನದಿಂದ 2012ರಲ್ಲಿ ಮಿಕ್ ಆಸ್ಟನ್ ಹೊರನಡೆದರು. ಅದೇ ವರ್ಷ ಚಾನೆಲ್ ತೆರೆ ಎಳೆಯುವ ನಿರ್ಧಾರ ಪ್ರಕಟಿಸಿತು. 2013ರ ಜೂನ್ ರಾಬಿನ್ಸನ್ ಅವರಿಗೆ ಎರಡು ಸುದ್ದಿಗಳ ತಿಂಗಳು: ಸಾರ್ವಜನಿಕ ಹಾಗೂ ರಾಜಕೀಯ ಸೇವೆಗಾಗಿ ನೈಟ್ ಪದವಿ ಘೋಷಣೆಯಾಯಿತು, ಕೆಲವೇ ದಿನಗಳಲ್ಲಿ ಆಸ್ಟನ್ ತೀರಿಕೊಂಡರು. 2016ರಲ್ಲಿ ಆತ್ಮಕಥೆ ಬಂತು, ಆಮೇಲೆ ಪಾಡ್‌ಕಾಸ್ಟ್. ಎಪ್ಪತ್ತೆಂಟು ದಾಟುವ ಹೊತ್ತಿಗೆ, 2025ರಲ್ಲಿ, ದೊಡ್ಡವರಿಗಾಗಿ ಮೊದಲ ಕಾದಂಬರಿ ‘ದ ಹೌಸ್ ಆಫ್ ವುಲ್ಫ್’. ಅದರ ವಸ್ತು ದೊರೆ ಆಲ್ಫ್ರೆಡ್‌ನ ಕಾಲ.

ಚಾನೆಲ್ ಬಿಟ್ಟರೂ ವೀಕ್ಷಕರು ಬಿಡಲಿಲ್ಲ. ಹಳೆಯ ಕಂತುಗಳು ಯೂಟ್ಯೂಬಿನಲ್ಲಿ ಹೊಸ ನೋಡುಗರನ್ನು ಕಂಡುಕೊಂಡವು. ಅಭಿಮಾನಿಗಳು ತಿಂಗಳು ತಿಂಗಳು ಕೈಯಿಂದ ಹಣ ಹಾಕತೊಡಗಿದರು. ಆ ಬಲದಿಂದ ಟಿಮ್ ಟೇಲರ್ 2021ರಲ್ಲಿ ಮತ್ತೆ ಅಗೆತ ಶುರುಮಾಡಿದರು. 2022ರಿಂದ ಹೊಸ ಕಂತುಗಳು ಯಾವ ಚಾನೆಲ್ಲಿನ ಹಂಗೂ ಇಲ್ಲದೆ ಅಂತರ್ಜಾಲದಲ್ಲೇ ಬರತೊಡಗಿದವು. ವಿಶೇಷ ಕಂತುಗಳಿಗೆ ರಾಬಿನ್ಸನ್ ಹಿಂದಿರುಗುವ ಸುದ್ದಿಯೂ ಬಂತು. ಹಣ ಕೊಡುವ ಅಭಿಮಾನಿಗಳು ಈಗ ನೇರವಾಗಿ ತಂಡವನ್ನೇ ಪ್ರಶ್ನೆ ಕೇಳುತ್ತಾರೆ: ಇಲ್ಲೇ ಏಕೆ ಅಗೆಯುತ್ತೀರಿ, ಏನು ಸಿಗಬಹುದು, ಸಿಗದಿದ್ದರೆ ಮುಂದೇನು?